ಮತಯಾಚನೆಗೆ ಹೊರಟ ಕಮಲಾದೇವಿ

ಶಿಗ್ಗಾಂವದ ನನ್ನ ತರಗತಿಯಲ್ಲಿ ಸ್ತ್ರೀಮತಾಧಿಕಾರದ ಪ್ರಸ್ತಾಪ ಬಂದಾಗಲೆಲ್ಲ ನಾನು ಮಂಗಳೂರಿನ ಕಮಲಾದೇವಿ ಚಟ್ಟೋಪಾಧ್ಯಾಯರನ್ನು ನೆನೆಯುತ್ತೇನೆ. 1903ರಲ್ಲಿ ಜನಿಸಿದ ಅವರು ಎಳವೆಯಲ್ಲಿಯೇ ತಂದೆಯನ್ನು ಕಳೆದುಕೊಂಡರು. ಮರಣಶಾಸನವಿರದ ಕಾರಣ ಆಸ್ತಿಯೆಲ್ಲವೂ ಮಲಸಹೋದರನ ಪಾಲಾಯಿತು. ತಾಯಿ ಗಿರಿಜಾಬಾಯಿಯವರಿಗಾಗಲಿ ಮಗಳಿಗಾಗಲಿ ಏನೂ ದಕ್ಕಲಿಲ್ಲ. ಬಾಲ್ಯವಿವಾಹ, ವೈಧವ್ಯಗಳೂ ಬೆನ್ನುಹತ್ತಿದವು.

1921ರಲ್ಲಿ ಮದರಾಸು, ಮುಂಬಯಿ ಪ್ರಾಂತಗಳೆರಡೂ (ನಮ್ಮ ಶಿಗ್ಗಾಂವ ಆಗ ಮುಂಬಯಿಗೆ ಸೇರಿತ್ತು) ಸ್ತ್ರೀಯರಿಗೆ ಮತಾಧಿಕಾರವನ್ನಿತ್ತವು. ಆದರೆ ಆಸ್ತಿಯ ಅರ್ಹತೆಯುಳ್ಳವರಿಗೆ ಮಾತ್ರ! ಪಾಲೇ ಇಲ್ಲದ ಹೆಣ್ಣುಮಕ್ಕಳಿಗೆ ಈ ಕೊಡುಗೆ ಎಷ್ಟರದು?

1926ರಲ್ಲಿ ಮಾರ್ಗರೆಟ್ ಕಸಿನ್ಸರ ಒತ್ತಾಸೆಯಿಂದ ಕಮಲಾದೇವಿಯವರು ಮದರಾಸಿನ ಶಾಸನಸಭೆಗೆ ಸ್ಪರ್ಧಿಸಿ, ಕೆಲವೇ ಮತಗಳಿಂದ ಸೋತರು. ಕುಗ್ಗಲಿಲ್ಲ, ಮರುವರ್ಷವೇ ಅಖಿಲ ಭಾರತ ಮಹಿಳಾ ಪರಿಷತ್ತನ್ನು ಕಟ್ಟಲು ನಿಂತರು. ವಯಸ್ಕ ಸ್ತ್ರೀಯರೆಲ್ಲರಿಗೂ ಮತವನ್ನು ಕೊಟ್ಟದ್ದು 1950ರ ಸಂವಿಧಾನ. ತಂದೆಯ ಸ್ವಾರ್ಜಿತದಲ್ಲಿ ಹಿಂದೂ ಮಗಳಿಗೆ ಸಮಪಾಲನ್ನು ಕೊಟ್ಟದ್ದು 1956ರ ಕಾಯಿದೆ. ಎರಡನ್ನೂ ಕಂಡು, 1988ರಲ್ಲಿ ಅವರು ತೀರಿಕೊಂಡರು.