ಅಡ್ಮಿರಲ್ ಕನಾರಿಸ್: ಒಂದು ಜೀವನ, ಎರಡು ಪಾಠ

ಬೋಧನಾಭ್ಯಾಸದಲ್ಲಿ ಹತ್ತನೇ ತರಗತಿಯ ಎರಡನೇ ಮಹಾಯುದ್ಧದ ಪಾಠ ನನ್ನ ಪಾಲಿಗೆ ಬಂದಿತ್ತು. ಇಸವಿಗಳನ್ನು ಒಪ್ಪಿಸುವುದಕ್ಕಿಂತ ಒಬ್ಬ ವ್ಯಕ್ತಿಯ ಜೀವನದ ಮೂಲಕ ಹೇಳಿದರೆ ಮಕ್ಕಳ ಮನಸ್ಸಿನಲ್ಲಿ ಉಳಿದೀತೆಂದು ಜರ್ಮನಿಯ ಅಡ್ಮಿರಲ್ ವಿಲ್ಹೆಲ್ಮ್ ಕನಾರಿಸ್‌ನನ್ನು ಆರಿಸಿಕೊಂಡೆ. ಹಿಟ್ಲರನನ್ನು ಎದುರಿಸಿದ ವೀರ ಎಂದು ಮಕ್ಕಳು ಗುರುತಿಸುವರು ಎಂಬುದೇ ನನ್ನ ಪಾಠಯೋಜನೆಯ ಉದ್ದೇಶವಾಗಿತ್ತು.

ಪೀಠಿಕೆಗೆ ಮದ್ರಾಸನ್ನು ತೆಗೆದುಕೊಂಡೆ. 1914ರ ಸೆಪ್ಟೆಂಬರ್‌ನಲ್ಲಿ ಎಮ್ಡನ್ ಎಂಬ ಜರ್ಮನ್ ಹಡಗು ಅಲ್ಲಿನ ತೈಲದ ಟ್ಯಾಂಕುಗಳ ಮೇಲೆ ಗುಂಡು ಹಾರಿಸಿತ್ತು. ಅದೇ ಮಾದರಿಯ ಇನ್ನೊಂದು ಹಡಗು ಡ್ರೆಸ್ಡೆನ್. ಆ ಹಡಗಿನಲ್ಲಿದ್ದ ಯುವ ಅಧಿಕಾರಿಯೇ ಕನಾರಿಸ್ ಎಂದಾಗ ತರಗತಿ ಕಿವಿಗೊಟ್ಟಿತು.

ಕನಾರಿಸ್ ಹುಟ್ಟಿದ್ದು 1887ರ ಜನವರಿ 1ರಂದು, ಡಾರ್ಟ್‌ಮಂಡ್ ಬಳಿಯ ಆಪ್ಲರ್‌ಬೆಕ್‌ನಲ್ಲಿ. 1905ರಲ್ಲಿ ನೌಕಾಪಡೆ ಸೇರಿದ. ಸ್ಪ್ಯಾನಿಷ್ ಬಲ್ಲವನಾದ್ದರಿಂದ ದಕ್ಷಿಣ ಅಮೆರಿಕದ ಬಂದರುಗಳಲ್ಲಿ ಸುದ್ದಿ ತಿಳಿಸುವವರನ್ನು ಗೊತ್ತುಮಾಡಿಕೊಳ್ಳುವುದು, ಹಡಗಿಗೆ ಕಲ್ಲಿದ್ದಲು ಹೊಂದಿಸುವುದು ಅವನ ಕೆಲಸವಾಯಿತು. 1915ರ ಮಾರ್ಚ್‌ನಲ್ಲಿ ಚಿಲಿ ದೇಶಕ್ಕೆ ಸೇರಿದ ದ್ವೀಪವೊಂದರ ಬಳಿ ಬ್ರಿಟಿಷ್ ಹಡಗುಗಳು ಡ್ರೆಸ್ಡೆನ್ ಅನ್ನು ಸುತ್ತುವರಿದವು. ನಾವಿಕರೇ ಅದನ್ನು ಮುಳುಗಿಸಿದರು. ಚಿಲಿ ಸರ್ಕಾರ ಅವರನ್ನು ಬಂಧನದಲ್ಲಿಟ್ಟಿತು.

ಕೆಲವೇ ತಿಂಗಳಲ್ಲಿ ಕನಾರಿಸ್ ತಪ್ಪಿಸಿಕೊಂಡ. ಆಂಡೀಸ್ ಪರ್ವತ ದಾಟಿ ಅರ್ಜೆಂಟೀನಾ ಸೇರಿ, ರೀಡ್ ರೋಸಸ್ ಎಂಬ ಚಿಲಿಯವನ ಹೆಸರಿನ ಪಾಸ್‌ಪೋರ್ಟ್ ಹಿಡಿದು ಡಚ್ ಹಡಗು ಹತ್ತಿದ. ಆ ಹಡಗು ಇಂಗ್ಲೆಂಡಿನ ಪ್ಲಿಮತ್ ಬಂದರಿಗೂ ಹೋಗಿ ಬಂತು. ಶತ್ರುವಿನ ನೆಲದಲ್ಲೂ ಸಿಕ್ಕಿಬೀಳದೆ ಅವನು ತಾಯ್ನಾಡು ತಲುಪಿದ. ಮರುವರ್ಷ ಗೂಢಚಾರನಾಗಿ ಸ್ಪೇನಿಗೆ ಹೋಗಿ ಶತ್ರುಹಡಗುಗಳ ಓಡಾಟದ ಸುದ್ದಿ ಕಲೆಹಾಕಿದ. 1935ರ ಜನವರಿಯಲ್ಲಿ ಸೇನೆಯ ಗೂಢಚಾರ ಸಂಸ್ಥೆ ಆಬ್ವೆರ್‌ಗೆ ಮುಖ್ಯಸ್ಥನಾದ.

ಅಲ್ಲಿಂದ ನೇರವಾಗಿ ಅವನ ಹಿಟ್ಲರ್ ವಿರೋಧಕ್ಕೆ ಜಿಗಿದೆ. ಹಿಂದಿನ ಬೆಂಚಿನ ಹುಡುಗಿಯೊಬ್ಬಳು ಎದ್ದು, ಹಿಟ್ಲರ್ ಅಧಿಕಾರಕ್ಕೆ ಬಂದದ್ದು 1933ರಲ್ಲಿ ಅಲ್ಲವೇ, ಹಾಗಾದರೆ ಇವನಿಗೆ ಆ ಹುದ್ದೆ ಕೊಟ್ಟವರು ಯಾರು ಎಂದು ಕೇಳಿದಳು. ನನ್ನಲ್ಲಿ ಉತ್ತರವಿರಲಿಲ್ಲ. ಬಿಟ್ಟುಹೋದ ವರ್ಷಗಳನ್ನು ಓದಿಕೊಂಡು ಮತ್ತೆ ಪಾಠ ಮಾಡಬೇಕೆಂದು ಮಾರ್ಗದರ್ಶಕರು ವೀಕ್ಷಣಾ ಪುಸ್ತಕದಲ್ಲಿ ಬರೆದರು.

ಎರಡನೇ ಪಾಠದಲ್ಲಿ ಕಪ್ಪುಹಲಗೆಯ ಮೇಲೆ ಎರಡು ಅಂಕಣ ಎಳೆದೆ. ಮೊದಲನೆಯದರಲ್ಲಿ ಅವನು ಆಳ್ವಿಕೆಗೆ ಮಾಡಿದ ಸೇವೆ. ಆರಂಭದಲ್ಲಿ ಅವನು ನಾಜಿಗಳ ಬೆಂಬಲಿಗನೇ. 1936ರಲ್ಲಿ ಸ್ಪೇನಿನ ಫ್ರಾಂಕೋಗೆ ಜರ್ಮನಿಯ ನೆರವು ಸಿಗುವಂತೆ ದುಡಿದ. 1939ರಲ್ಲಿ ಪೋಲೆಂಡೇ ದಾಳಿ ಮಾಡಿತೆಂದು ನಾಟಕವಾಡಲು ಬೇಕಾದ ಪೋಲಿಷ್ ಸಮವಸ್ತ್ರಗಳು ಅವನ ಸಂಸ್ಥೆಯಿಂದಲೇ ಹೋದವು.

ಎರಡನೆಯದರಲ್ಲಿ ಅವನ ವಿರೋಧ. ಪೋಲೆಂಡಿನಲ್ಲಿ ನಡೆಯುತ್ತಿದ್ದ ಹತ್ಯೆಗಳ ಬಗ್ಗೆ 1939ರ ಸೆಪ್ಟೆಂಬರ್‌ನಲ್ಲೇ ಸೇನೆಯ ಹಿರಿಯ ಅಧಿಕಾರಿ ಕೈಟಲ್‌ಗೆ ಆಕ್ಷೇಪ ತಿಳಿಸಿದ. 1941ರಲ್ಲಿ ಸೋವಿಯತ್ ಯುದ್ಧಕೈದಿಗಳನ್ನು ನಡೆಸಿಕೊಳ್ಳುವ ರೀತಿ ಕಾನೂನಿಗೆ ವಿರುದ್ಧವೆಂದು ಲಿಖಿತವಾಗಿ ಪ್ರತಿಭಟಿಸಿದ. 1942ರಲ್ಲಿ ಹತ್ತಕ್ಕೂ ಹೆಚ್ಚು ಜನರನ್ನು, ಅವರಲ್ಲಿ ಹೆಚ್ಚಿನವರು ಯಹೂದಿ ಮೂಲದವರು, ತನ್ನ ಸಂಸ್ಥೆಯ ಏಜೆಂಟರೆಂಬ ನೆಪದಲ್ಲಿ ಸ್ವಿಟ್ಜರ್ಲೆಂಡಿಗೆ ದಾಟಿಸಲು ನೆರವಾದ. ಹಿಟ್ಲರನ ವಿರುದ್ಧ ಸಂಚು ಹೂಡುತ್ತಿದ್ದ ತನ್ನ ಸಹೋದ್ಯೋಗಿ ಹಾನ್ಸ್ ಓಸ್ಟರ್‌ಗೆ ಆಸರೆಯಾಗಿದ್ದ.

1944ರ ಫೆಬ್ರವರಿಯಲ್ಲಿ ಅವನ ಹುದ್ದೆ ಹೋಯಿತು. ಜುಲೈ 20ರಂದು ಹಿಟ್ಲರನನ್ನು ಕೊಲ್ಲಲು ಇಟ್ಟ ಬಾಂಬ್ ಗುರಿ ತಪ್ಪಿತು; ಮೂರು ದಿನಗಳ ನಂತರ ಅವನ ಬಂಧನವಾಯಿತು. 1945ರ ಏಪ್ರಿಲ್ 9ರಂದು ಫ್ಲೋಸೆನ್‌ಬುರ್ಗ್ ಶಿಬಿರದಲ್ಲಿ ಓಸ್ಟರ್ ಮತ್ತು ಪಾದ್ರಿ ಡೀಟ್ರಿಕ್ ಬೋನ್‌ಹೋಫರ್ ಜೊತೆ ಅವನನ್ನು ನೇಣಿಗೇರಿಸಿದರು. ಎರಡು ವಾರಗಳಲ್ಲಿ ಅಮೆರಿಕದ ಸೇನೆ ಆ ಶಿಬಿರ ತಲುಪಿತು.

ಮೌಲ್ಯಮಾಪನಕ್ಕೆ ಮೊದಲು ಯೋಚಿಸಿದ್ದ, ಕನಾರಿಸ್ ಏಕೆ ವೀರ ಎಂಬ ಪ್ರಶ್ನೆಯನ್ನು ಕೈಬಿಟ್ಟೆ. ಎರಡೂ ಅಂಕಣಗಳನ್ನು ಓದಿ ನಿಮಗೆ ಕಂಡದ್ದನ್ನು ಬರೆಯಿರಿ ಎಂದಷ್ಟೇ ಕೇಳಿದೆ. ಎರಡು ಕಡೆಯೂ 1939 ಇದೆ, ಸಮವಸ್ತ್ರ ಹೋದದ್ದಕ್ಕೂ ಆಕ್ಷೇಪ ಎತ್ತಿದ್ದಕ್ಕೂ ನಡುವೆ ಬಹಳ ದಿನಗಳಿಲ್ಲ ಎಂದು ಅದೇ ಹುಡುಗಿ ಬರೆದಿದ್ದಳು. ನನ್ನ ಮೊದಲ ಪಾಠಯೋಜನೆಯಲ್ಲಿ ಆ ಉತ್ತರಕ್ಕೆ ಜಾಗವೇ ಇರಲಿಲ್ಲ.