ಒಂದು ರೀಲ್ ಮತ್ತು ತ.ರಾ.ಸು.

ಒನಕೆ ಓಬವ್ವ ಜಯಂತಿಗೆ ಇನ್ನೊಂದು ವಾರವಿರುವಾಗ ನಾವು ಮೂವರು ಗೆಳೆಯರು ಚಿತ್ರದುರ್ಗದ ಕೋಟೆ ಹತ್ತಿದೆವು. ನಾನು ಹೊಳಲ್ಕೆರೆಯವನು, ಒಬ್ಬ ಹಿರಿಯೂರಿನವನು, ಇನ್ನೊಬ್ಬ ಹೊಸದುರ್ಗದವನು. ದುರ್ಗದಲ್ಲೇ ಡಿಗ್ರಿ ಮುಗಿಸಿ, ಒಂದೇ ರೂಮಿನಲ್ಲಿದ್ದುಕೊಂಡು ಎಫ್‌ಡಿಎ, ಪಿಡಿಒ ಪರೀಕ್ಷೆಗಳಿಗೆ ಓದುತ್ತಿದ್ದೇವೆ. ಓದಿನ ಬೇಸರ ಕಳೆಯಲು ರೀಲ್ಸ್ ಮಾಡುವುದು ನಮ್ಮ ಹುಚ್ಚು. ಅವತ್ತು ಹಿರಿಯೂರಿನವನು ಮೊಬೈಲ್ ಹಿಡಿದ. ನಾನು ಓಬವ್ವನ ಕಿಂಡಿಯ ಮುಂದೆ ನಿಂತು ಮೂವತ್ತು ಸೆಕೆಂಡ್ ಮಾತಾಡಿದೆ. ಹೊಸದುರ್ಗದವನು 'ನಾಗರಹಾವು' ಚಿತ್ರದ ಓಬವ್ವನ ಹಾಡನ್ನು ಹಿನ್ನೆಲೆಗೆ ಕೂಡಿಸಿದ.

ಓಬವ್ವ ಒನಕೆಯಿಂದ ಬಡಿದದ್ದು ಟಿಪ್ಪುವಿನ ಸೈನಿಕರನ್ನು ಎಂದು ನಾನು ಹೇಳಿದ್ದೆ. ಹೈದರಾಲಿಯೋ ಟಿಪ್ಪುವೋ ಎಂಬ ಸಣ್ಣ ಅನುಮಾನ ಹೇಳುವಾಗಲೇ ಇತ್ತು. ನೋಡಿಕೊಳ್ಳುವ ತಾಳ್ಮೆ ಇರಲಿಲ್ಲ. ಬೆಳಗಾಗುವಷ್ಟರಲ್ಲಿ ನಲವತ್ತು ಸಾವಿರ ವ್ಯೂಸ್! ನಮ್ಮ ಕಾಲು ನೆಲದ ಮೇಲಿರಲಿಲ್ಲ.

ನವೆಂಬರ್ 11ರ ಸಂಜೆ ಗೆಳೆಯನ ತಂಗಿ ಫೋನ್ ಮಾಡಿದಳು. ಒಂಬತ್ತನೇ ತರಗತಿ ಹುಡುಗಿ. ಶಾಲೆಯ ಭಾಷಣ ಸ್ಪರ್ಧೆಗೆ ಅಣ್ಣಂದಿರ ರೀಲ್ ನೋಡಿ ಬರೆದುಕೊಂಡಿದ್ದಳಂತೆ. ವೇದಿಕೆಯ ಮೇಲೆಯೇ ತಪ್ಪು ಎತ್ತಿ ತೋರಿಸಿದರಂತೆ, ಎದುರಿಗೆ ಕೂತವರೆಲ್ಲ ನಕ್ಕರಂತೆ. ಅಳು ತಡೆದುಕೊಂಡು, ಇದನ್ನು ಎಲ್ಲಿ ಓದಿದ್ದೆ ಅಣ್ಣ ಎಂದು ಕೇಳಿದಳು. ನಾನು ಎಲ್ಲಿಯೂ ಓದಿರಲಿಲ್ಲ. ತಪ್ಪು ನನ್ನದು, ತಲೆ ತಗ್ಗಿಸಿ ನಿಂತದ್ದು ಅವಳು.

ಮರುದಿನ ಲೈಬ್ರರಿಗೆ ಹೋದೆ. ಸ್ಪರ್ಧಾತ್ಮಕ ಪರೀಕ್ಷೆಯ ಪುಸ್ತಕಗಳನ್ನು ಬಿಟ್ಟು ಬೇರೆ ಕಪಾಟಿನ ಕಡೆ ನಾನು ನೋಡಿದ್ದೇ ಇಲ್ಲ. ಅಂದು 'ದುರ್ಗಾಸ್ತಮಾನ' ಕೈಗೆತ್ತಿಕೊಂಡೆ. ದುರ್ಗದ ಕೊನೆಯ ಪಾಳೆಯಗಾರ ಮದಕರಿನಾಯಕ 1779ರಲ್ಲಿ ಹೈದರಾಲಿಗೆ ಸೋತ ಕಥೆ. ಆ ದಪ್ಪ ಪುಸ್ತಕ ಮುಗಿಸಿದ ಮೇಲೆ, ಇದನ್ನು ಬರೆದ ಮನುಷ್ಯ ಯಾರು ಎಂದು ಹುಡುಕತೊಡಗಿದೆ.

ತ.ರಾ.ಸು. ಎಂದರೆ ತಳುಕಿನ ರಾಮಸ್ವಾಮಯ್ಯ ಸುಬ್ಬರಾವ್. ತಳುಕು ನಮ್ಮ ಜಿಲ್ಲೆಯ ಚಳ್ಳಕೆರೆ ತಾಲ್ಲೂಕಿನ ಊರು. ಅವರು ಹುಟ್ಟಿದ್ದು 1920ರಲ್ಲಿ, ಆಗ ಚಿತ್ರದುರ್ಗ ಜಿಲ್ಲೆಗೇ ಸೇರಿದ್ದ ಮಲೇಬೆನ್ನೂರಿನಲ್ಲಿ. ತಂದೆ ವಕೀಲರು. ಕುವೆಂಪು ಅವರ ಗುರುಗಳಾದ ಟಿ.ಎಸ್. ವೆಂಕಣ್ಣಯ್ಯ ಇವರ ದೊಡ್ಡಪ್ಪ. ಮನೆಯಲ್ಲಿ ಅಕ್ಷರಕ್ಕೆ ಬಡತನವಿರಲಿಲ್ಲ. ಆದರೆ ಹುಡುಗನ ಮನಸ್ಸು ಸ್ವಾತಂತ್ರ್ಯ ಚಳವಳಿಯ ಕಡೆಗಿತ್ತು. ಹದಿಹರೆಯದಲ್ಲೇ ಭಾಷಣ ಮಾಡಿ ಬಂಧನಕ್ಕೆ ಒಳಗಾದರು. 1942ರಲ್ಲಿ ಕ್ವಿಟ್ ಇಂಡಿಯಾ ಚಳವಳಿಗೆ ಧುಮುಕಿ ಕಾಲೇಜು ಬಿಟ್ಟರು. ಲಾವಣಿ ಕಟ್ಟಿ ಹಾಡಿದ್ದಕ್ಕೆ ಜೈಲು ಸೇರಿದರು.

ಇಲ್ಲಿ ನಾನು ಸ್ವಲ್ಪ ಹೊತ್ತು ಪುಸ್ತಕ ಮುಚ್ಚಿಟ್ಟೆ. ಬಾಯಿಂದ ಬಾಯಿಗೆ ಹರಡುತ್ತಿದ್ದ ಲಾವಣಿ ಆ ಕಾಲದ ರೀಲ್ ಅಲ್ಲವೇ? ನನ್ನ ರೀಲ್‌ಗೆ ಲೈಕ್ ಬಂದವು. ಅವರ ಲಾವಣಿಗೆ ಸೆರೆಮನೆ ಬಂತು. ತಾವು ಹಾಡಿದ್ದಕ್ಕೆ ಅವರು ಹೊಣೆ ಹೊತ್ತಿದ್ದರು.

ಜೈಲಿನಿಂದ ಹೊರಬಂದಾಗ ಅವರಿಗೆ 22 ವರ್ಷ, ಹೆಚ್ಚುಕಡಿಮೆ ನಮ್ಮದೇ ವಯಸ್ಸು. ಓದು ಅರ್ಧಕ್ಕೆ ನಿಂತಿತ್ತು. ಪತ್ರಿಕೆಗಳಲ್ಲಿ ದುಡಿದರು. ಅ.ನ.ಕೃ. ಅವರ ಪ್ರಭಾವದಿಂದ ಪ್ರಗತಿಶೀಲ ಲೇಖಕರ ಬಳಗ ಸೇರಿದರು. ಕೊನೆಗೆ ಬರವಣಿಗೆಯನ್ನೇ ನೆಚ್ಚಿಕೊಂಡರು.

ಸಿನಿಮಾದವರು ಅವರ ಕಾದಂಬರಿಗಳನ್ನು ಬೇಗ ಹುಡುಕಿಕೊಂಡು ಬಂದರು. ದುರ್ಗದ ಸಂಗೀತಗಾರ ಭೈರವಿ ವೆಂಕಟಸುಬ್ಬಯ್ಯನ ಕಥೆಯಾದ 'ಹಂಸಗೀತೆ' 1956ರಲ್ಲೇ ಹಿಂದಿಯಲ್ಲಿ 'ಬಸಂತ್ ಬಹಾರ್' ಆಯಿತು. ಕನ್ನಡದಲ್ಲಿ ಜಿ.ವಿ. ಅಯ್ಯರ್ ಅದನ್ನು 1975ರಲ್ಲಿ ತೆರೆಗೆ ತಂದರು, ಅನಂತನಾಗ್ ನಟಿಸಿದರು. ರಾಜ್‌ಕುಮಾರ್ ಅವರ 'ಚಂದವಳ್ಳಿಯ ತೋಟ' ಬಂದದ್ದು 1964ರಲ್ಲಿ. ಆಮೇಲೆ 1972ರಲ್ಲಿ ಪುಟ್ಟಣ್ಣ ಕಣಗಾಲರ 'ನಾಗರಹಾವು'. ವಿಷ್ಣುವರ್ಧನ್‌ಗೆ ನಾಯಕನಾಗಿ ಮೊದಲ ಚಿತ್ರ, ಅಂಬರೀಷ್‌ಗೆ ಮೊದಲ ಪ್ರವೇಶ, ನಮ್ಮ ದುರ್ಗದ ಬಂಡೆಗಳಿಗೆ ನಾಡೆಲ್ಲ ಹೆಸರು. ನಾವು ರೀಲ್‌ಗೆ ಹಾಕಿಕೊಂಡ ಹಾಡು ಚಿ. ಉದಯಶಂಕರ್ ಬರೆದದ್ದು, ಓಬವ್ವನಾಗಿ ಕಾಣುವವರು ಜಯಂತಿ.

ಆದರೆ ಮೂಲ ಲೇಖಕರಿಗೆ ಚಿತ್ರ ಹಿಡಿಸಲಿಲ್ಲ. 'ನಾಗರಹಾವು', 'ಒಂದು ಗಂಡು ಎರಡು ಹೆಣ್ಣು', 'ಸರ್ಪಮತ್ಸರ' ಎಂಬ ಮೂರು ಕಾದಂಬರಿಗಳನ್ನು ಸೇರಿಸಿ ಒಂದು ಸಿನಿಮಾ ಮಾಡಲಾಗಿತ್ತು. ತಮ್ಮ ನಾಗರಹಾವು ಕೇರೆಹಾವಾಗಿ ಹೋಯಿತು ಎಂದು ಅವರು ನೊಂದುಕೊಂಡದ್ದು ಕನ್ನಡಿಗರಿಗೆಲ್ಲ ಗೊತ್ತಿರುವ ಪ್ರಸಂಗ. ಚಿತ್ರ ಭರ್ಜರಿಯಾಗಿ ಗೆದ್ದಿತು. ಇಂದಿಗೂ ಮೊಬೈಲಿನಲ್ಲಿ ರಾಮಾಚಾರಿಯ ತುಣುಕುಗಳು ಓಡುತ್ತಲೇ ಇವೆ. ಇಷ್ಟು ಗೆದ್ದ ಮೇಲೂ ಲೇಖಕರಿಗೇಕೆ ಬೇಸರ ಎಂದು ಮೊದಲು ನನಗೆ ಅರ್ಥವಾಗಿರಲಿಲ್ಲ. ಜನ ಮೆಚ್ಚಿದ ಮಾತ್ರಕ್ಕೆ ಎಲ್ಲ ಸರಿಯಾಯಿತು ಎಂದು ಅವರು ಒಪ್ಪಲಿಲ್ಲ ಎಂಬುದು, ನಲವತ್ತು ಸಾವಿರ ವ್ಯೂಸ್‌ನ ಸುಳ್ಳು ಹೇಳಿದ ಮೇಲೆ ನನಗೆ ಹೊಳೆಯಿತು.

ಹಾಗೆಂದು ಅವರು ಮುನಿಸನ್ನೇ ಕಟ್ಟಿಕೊಂಡು ಕೂರಲಿಲ್ಲ. ಬರೆಯುತ್ತಲೇ ಹೋದರು. ಅವರ 'ಮಸಣದ ಹೂವು' ಮತ್ತೆ ಪುಟ್ಟಣ್ಣನವರ ಕೈಗೇ ಬಂತು. 1985ರಲ್ಲಿ ಆ ಚಿತ್ರ ತೆರೆಕಂಡಾಗ ಬರೆದವರೂ ಇರಲಿಲ್ಲ, ನಿರ್ದೇಶಿಸಿದವರೂ ಇರಲಿಲ್ಲ.

ಅವರ ದೊಡ್ಡ ಕೆಲಸ ಮಾತ್ರ ಕ್ಯಾಮೆರಾದಿಂದ ದೂರವೇ ನಡೆದಿತ್ತು. ದುರ್ಗದ ಪಾಳೆಯಗಾರರ ಚರಿತ್ರೆಯನ್ನು 'ಕಂಬನಿಯ ಕುಯಿಲು', 'ರಕ್ತರಾತ್ರಿ', 'ತಿರುಗುಬಾಣ' ಎಂದು ಆರಂಭಿಸಿ ಎಂಟು ಕಾದಂಬರಿಗಳಲ್ಲಿ ಬರೆದರು. ಕೊನೆಯದು 'ದುರ್ಗಾಸ್ತಮಾನ'. ತಾವು ಪ್ರೀತಿಸಿದ ಊರು ಬೀಳುವುದನ್ನು ಬರೆಯಲು ಎಷ್ಟು ಗಟ್ಟಿ ಮನಸ್ಸು ಬೇಕೋ! 1984ರ ಏಪ್ರಿಲ್ 10ರಂದು ಅವರು ತೀರಿಕೊಂಡರು. ಮರುವರ್ಷ ಆ ಕಾದಂಬರಿಗೆ ಕೇಂದ್ರ ಸಾಹಿತ್ಯ ಅಕಾಡೆಮಿ ಪ್ರಶಸ್ತಿ ಬಂತು. ಪಡೆಯಲು ಅವರಿರಲಿಲ್ಲ.

ಒಂದು ಊರಿನ ಕಥೆ ಹೇಳಲು ಅವರು ಆಯಸ್ಸು ಸವೆಸಿದರು. ನಾನು ಅದೇ ಊರಿನ ಕಥೆ ಹೇಳಲು ಹತ್ತು ನಿಮಿಷ ಪುಸ್ತಕ ತೆರೆಯಲಿಲ್ಲ.

ಹಳೆಯ ರೀಲ್ ಅಳಿಸೋಣ ಎಂದಾಗ ಹಿರಿಯೂರಿನವನು ಒಪ್ಪಲಿಲ್ಲ. ಇಷ್ಟು ವ್ಯೂಸ್ ಮತ್ತೆ ಬರುತ್ತವಾ ಎಂದು ಜಗಳಕ್ಕೇ ನಿಂತ. ಎರಡು ದಿನ ಮಾತು ಬಿಟ್ಟ. ಮೂರನೆಯ ದಿನ ತಾನೇ ಮೊಬೈಲ್ ಹಿಡಿದು, ನಡಿ ಕೋಟೆಗೆ ಎಂದ. ಅದೇ ಕಿಂಡಿಯ ಮುಂದೆ ನಿಂತು ಹಿಂದಿನ ಸಲ ತಪ್ಪು ಹೇಳಿದ್ದೆ ಎಂದು ಒಪ್ಪಿಕೊಂಡೆ. ಸರಿಯಾದದ್ದನ್ನು ಹೇಳಿದೆ.

ನಮ್ಮ ಪರೀಕ್ಷೆಯ ಓದು ಇನ್ನೂ ಮುಗಿದಿಲ್ಲ, ಕೆಲಸವೂ ಸಿಕ್ಕಿಲ್ಲ. ಹೊಸ ರೀಲ್ ಮುನ್ನೂರು ವ್ಯೂಸ್ ಕೂಡ ದಾಟಿಲ್ಲ. ಅದನ್ನು ಮೊದಲು ನೋಡಿದವಳು ಮಾತ್ರ ಹೊಸದುರ್ಗದ ಆ ಹುಡುಗಿ.