ಅಹ್ಮದ್ ಖಾನ್ (ಫುಟ್‌ಬಾಲ್ ಆಟಗಾರ)

ಅಹ್ಮದ್ ಖಾನ್ (24 ಡಿಸೆಂಬರ್ 1926 – 27 ಆಗಸ್ಟ್ 2017) ಬೆಂಗಳೂರಿನಲ್ಲಿ ಜನಿಸಿದ ಭಾರತೀಯ ಫುಟ್‌ಬಾಲ್ ಆಟಗಾರರು. ಭಾರತ ತಂಡದ ಪರವಾಗಿ 1948ರ ಲಂಡನ್ ಹಾಗೂ 1952ರ ಹೆಲ್ಸಿಂಕಿ ಒಲಿಂಪಿಕ್ ಕ್ರೀಡಾಕೂಟಗಳಲ್ಲಿ ಆಡಿದ ಇವರು, 1951ರ ಮೊದಲ ಏಷ್ಯನ್ ಕ್ರೀಡಾಕೂಟದಲ್ಲಿ ಚಿನ್ನದ ಪದಕ ಗೆದ್ದ ತಂಡದಲ್ಲಿಯೂ ಇದ್ದರು. 1949ರಿಂದ 1959ರವರೆಗೆ ಕಲ್ಕತ್ತೆಯ ಈಸ್ಟ್ ಬೆಂಗಾಲ್ ಕ್ಲಬ್ಬಿನ ಪರವಾಗಿ ಆಡಿ, ಆ ಕ್ಲಬ್ಬಿನ 'ಪಂಚ ಪಾಂಡವರು' ಎಂದು ಪ್ರಸಿದ್ಧವಾದ ಐವರು ಮುನ್ನಡೆ ಆಟಗಾರರಲ್ಲಿ ಒಬ್ಬರೆನಿಸಿದರು. ಚೆಂಡಿನ ಮೇಲೆ ಇವರಿಗಿದ್ದ ಹಿಡಿತವನ್ನು ಕಂಡವರು ಇವರನ್ನು 'ಹಾವಾಡಿಗ' ಎಂದು ಕರೆಯುತ್ತಿದ್ದರು. ಭಾರತೀಯ ಫುಟ್‌ಬಾಲ್ ಬರಿಗಾಲಿನ ಆಟದಿಂದ ಬೂಟುಗಾಲಿನ ಆಟಕ್ಕೆ ಹೊರಳಿದ ಕಾಲಘಟ್ಟದ ಎರಡೂ ಬದಿಗಳಲ್ಲಿ ಆಡಿದ ಪ್ರಮುಖರಲ್ಲಿ ಇವರ ಹೆಸರು ಸೇರುತ್ತದೆ.

ಹಿನ್ನೆಲೆ

ಬೆಂಗಳೂರಿನಲ್ಲಿ ಫುಟ್‌ಬಾಲ್ ಬೇರೂರಿದ್ದು ದಂಡು ಪ್ರದೇಶದಲ್ಲಿ. ಬ್ರಿಟಿಷ್ ಸೇನಾ ತುಕಡಿಗಳು ನೆಲೆಸಿದ್ದ ದಂಡು, 1947ರವರೆಗೂ ಮೈಸೂರು ಸಂಸ್ಥಾನದ ಆಡಳಿತಕ್ಕೆ ಒಳಪಡದೆ ಬ್ರಿಟಿಷರ ಅಧೀನದಲ್ಲಿತ್ತು. ಸೈನಿಕರು ಆಡುತ್ತಿದ್ದ ಆಟವನ್ನು ಸುತ್ತಲಿನ ಬಡಾವಣೆಗಳ ಹುಡುಗರು ನೋಡಿ ಕಲಿತರು. ಬೂಟು ಕೊಳ್ಳುವ ಶಕ್ತಿ ಇಲ್ಲದವರು ಬರಿಗಾಲಿನಲ್ಲಿ ಆಡಿದರು. ಕ್ರಮೇಣ ಬರಿಗಾಲಿನ ಆಟವೇ ಒಂದು ಶೈಲಿಯಾಗಿ ಬೆಳೆಯಿತು. ಈ ಪರಿಸರದಲ್ಲಿ ರೂಪುಗೊಂಡ ಬೆಂಗಳೂರು ಮುಸ್ಲಿಮ್ಸ್ ತಂಡವು 1937ರಲ್ಲಿ ಬೊಂಬಾಯಿಯ ರೋವರ್ಸ್ ಕಪ್ ಪಂದ್ಯಾವಳಿಯನ್ನು ಗೆದ್ದಿತು. ಅಲ್ಲಿಯವರೆಗೆ ಸೇನಾ ತಂಡಗಳ ಸ್ವತ್ತಿನಂತಿದ್ದ ಆ ಪ್ರಶಸ್ತಿಯನ್ನು ಪಡೆದ ಮೊದಲ ಭಾರತೀಯ ಕ್ಲಬ್ ಅದು. ಮರುವರ್ಷ, ಅಂದರೆ 1938ರಲ್ಲಿ, ಅದೇ ತಂಡವು ಪ್ರಶಸ್ತಿಯನ್ನು ಉಳಿಸಿಕೊಂಡಿತು.

ಅಹ್ಮದ್ ಖಾನ್ ಅವರದು ಫುಟ್‌ಬಾಲ್ ಕುಟುಂಬ. ತಂದೆ ಬಾಬಾ ಖಾನ್ ಅವರು ಹೆಸರಾಂತ ಆಟಗಾರರಾಗಿದ್ದರು; ಸಹೋದರರೂ ಇದೇ ಆಟದಲ್ಲಿ ತೊಡಗಿದ್ದರು. ಅಹ್ಮದ್ ಅವರು ಮೊದಲು ಬೆಂಗಳೂರು ಕ್ರೆಸೆಂಟ್ಸ್ ತಂಡದಲ್ಲಿ ಆಡಿ, ನಂತರ ಬೆಂಗಳೂರು ಮುಸ್ಲಿಮ್ಸ್ ತಂಡವನ್ನು ಸೇರಿದರು. ಆ ದಿನಗಳಲ್ಲಿ ಮೈಸೂರು ರಾಜ್ಯದ ಫುಟ್‌ಬಾಲ್ ಉಚ್ಛ್ರಾಯ ಸ್ಥಿತಿಯಲ್ಲಿತ್ತು. 1946–47ರ ಸಾಲಿನ ಸಂತೋಷ್ ಟ್ರೋಫಿ ರಾಷ್ಟ್ರೀಯ ಪಂದ್ಯಾವಳಿಯಲ್ಲಿ ಮೈಸೂರು ತಂಡವು ಪ್ರಬಲ ಬಂಗಾಳವನ್ನು ಸೋಲಿಸಿ ಮೊದಲ ಬಾರಿಗೆ ಪ್ರಶಸ್ತಿ ಗೆದ್ದಿತು. 1948ರಲ್ಲಿ ಬೆಂಗಳೂರು ಮುಸ್ಲಿಮ್ಸ್ ಮೂರನೆಯ ಬಾರಿಗೆ ರೋವರ್ಸ್ ಕಪ್ ಪಡೆಯಿತು.

ಲಂಡನ್ ಒಲಿಂಪಿಕ್ಸ್, 1948

ಸ್ವತಂತ್ರ ಭಾರತದ ಫುಟ್‌ಬಾಲ್ ತಂಡವು ತನ್ನ ಮೊದಲ ಒಲಿಂಪಿಕ್ ಪಂದ್ಯವನ್ನು 1948ರ ಜುಲೈ 31ರಂದು ಲಂಡನ್ ಸಮೀಪದ ಇಲ್‌ಫರ್ಡ್‌ನಲ್ಲಿ ಫ್ರಾನ್ಸ್ ವಿರುದ್ಧ ಆಡಿತು. ತಂಡದ ನಾಯಕರು ನಾಗಾ ಪ್ರದೇಶದ ತಾಲಿಮೆರೆನ್ ಆವೊ. ಇಪ್ಪತ್ತೊಂದು ವರ್ಷದ ಅಹ್ಮದ್ ಖಾನ್ ಮುನ್ನಡೆಯ ಸಾಲಿನಲ್ಲಿದ್ದರು. ಭಾರತದ ಬಹುಪಾಲು ಆಟಗಾರರು ಬರಿಗಾಲಿನಲ್ಲಿ ಕಣಕ್ಕಿಳಿದದ್ದು ಇಂಗ್ಲೆಂಡಿನ ಪ್ರೇಕ್ಷಕರಲ್ಲಿ ಬೆರಗು ಮೂಡಿಸಿತು. ಮೊದಲ ಗೋಲು ಫ್ರಾನ್ಸಿನದಾಯಿತು. ಎರಡನೆಯ ಅವಧಿಯಲ್ಲಿ ಬೆಂಗಳೂರಿನವರೇ ಆದ ಸಾರಂಗಪಾಣಿ ರಾಮನ್ ಗೋಲು ಹೊಡೆದು ಪಂದ್ಯವನ್ನು ಸಮಸ್ಥಿತಿಗೆ ತಂದರು. ಪಂದ್ಯ ಮುಗಿಯಲು ಕೆಲವೇ ಕ್ಷಣಗಳಿದ್ದಾಗ ಫ್ರಾನ್ಸ್ ಮತ್ತೊಂದು ಗೋಲು ಗಳಿಸಿ 2–1ರಿಂದ ಗೆದ್ದಿತು. ಭಾರತವು ಎರಡು ಪೆನಾಲ್ಟಿ ಅವಕಾಶಗಳನ್ನು ಕಳೆದುಕೊಂಡಿದ್ದರಿಂದ ಈ ಸೋಲು ಬಹುಕಾಲ ಚರ್ಚೆಯ ವಸ್ತುವಾಗಿ ಉಳಿಯಿತು. ಆದರೂ ಬರಿಗಾಲಿನ ಆಟಗಾರರು ಯುರೋಪಿನ ತಂಡವೊಂದಕ್ಕೆ ಸಮಸಮನಾಗಿ ಆಡಬಲ್ಲರೆಂಬ ನಂಬಿಕೆಯನ್ನು ಈ ಪಂದ್ಯ ಬಲಪಡಿಸಿತು.

ಈಸ್ಟ್ ಬೆಂಗಾಲ್ ಮತ್ತು ಪಂಚ ಪಾಂಡವರು

ಒಲಿಂಪಿಕ್ಸ್ ಮುಗಿದ ಮರುವರ್ಷ ಅಹ್ಮದ್ ಖಾನ್ ಕಲ್ಕತ್ತೆಯ ಈಸ್ಟ್ ಬೆಂಗಾಲ್ ಕ್ಲಬ್ಬನ್ನು ಸೇರಿದರು. ಕಲ್ಕತ್ತಾ ಆ ಕಾಲದಲ್ಲಿ ಭಾರತೀಯ ಫುಟ್‌ಬಾಲಿನ ರಾಜಧಾನಿಯಾಗಿತ್ತು. ನಿಯಮದ ಪ್ರಕಾರ ಅಲ್ಲಿನ ಲೀಗ್ ಹವ್ಯಾಸಿ ಆಟಗಾರರದು. ವೃತ್ತಿಪರ ಫುಟ್‌ಬಾಲ್ ಎಂಬುದು ಕಾಗದದ ಮೇಲೆ ಇರಲಿಲ್ಲ. ಇಟಲಿ, ಇಂಗ್ಲೆಂಡುಗಳಲ್ಲಿ ಕೆಳ ದರ್ಜೆಯ ಲೀಗಿನ ಸಾಧಾರಣ ಆಟಗಾರನೂ ಕರಾರಿನ ಮೇಲೆ ಸಂಬಳ ಪಡೆಯಬಹುದಾಗಿದ್ದ ಆ ಕಾಲದಲ್ಲಿ, ಒಲಿಂಪಿಕ್ ಆಟಗಾರನಿಗೂ ಭಾರತದಲ್ಲಿ ಅಂಥ ಭದ್ರತೆ ಇರಲಿಲ್ಲ. ಹಾಗಿದ್ದರೂ ದಕ್ಷಿಣದ ಪ್ರತಿಭಾವಂತರು ಊರು ಬಿಟ್ಟು ಕಲ್ಕತ್ತೆಗೆ ಹೋಗುತ್ತಿದ್ದರು. ದೊಡ್ಡ ಪಂದ್ಯಗಳು, ತುಂಬಿದ ಮೈದಾನ, ಪತ್ರಿಕೆಗಳ ಗಮನ ಇವೆಲ್ಲವೂ ಅಲ್ಲಿದ್ದವು.

ಈಸ್ಟ್ ಬೆಂಗಾಲ್ ಕ್ಲಬ್ ಸ್ಥಾಪನೆಯಾದದ್ದು 1920ರಲ್ಲಿ. 1947ರ ದೇಶವಿಭಜನೆಯ ನಂತರ ಪೂರ್ವ ಬಂಗಾಳದಿಂದ ಮನೆಮಠ ತೊರೆದು ಬಂದ ಲಕ್ಷಾಂತರ ನಿರಾಶ್ರಿತರಿಗೆ ಈ ಕ್ಲಬ್ಬಿನ ಹೆಸರೇ ಕಳೆದುಕೊಂಡ ಊರಿನ ನೆನಪಾಯಿತು. ಅವರ ಅಭಿಮಾನವನ್ನು ಹೊತ್ತು ಆಡಿದ ಮುನ್ನಡೆಯ ಸಾಲಿನಲ್ಲಿ ಬಂಗಾಳದವರು ಒಬ್ಬರೂ ಇರಲಿಲ್ಲ. ಬಲ ಅಂಚಿನಲ್ಲಿ ವೆಂಕಟೇಶ್, ಅವರ ಪಕ್ಕದಲ್ಲಿ ಅಪ್ಪಾರಾವ್, ನಡುವೆ ಧನರಾಜ್, ಎಡಗಡೆ ಒಳಭಾಗದಲ್ಲಿ ಅಹ್ಮದ್ ಖಾನ್, ಎಡ ಅಂಚಿನಲ್ಲಿ ಸಾಲೆ. ಐವರೂ ದಕ್ಷಿಣ ಭಾರತದವರು. ಅಭಿಮಾನಿಗಳು ಇವರಿಗೆ ಪಂಚ ಪಾಂಡವರೆಂದು ಹೆಸರಿಟ್ಟರು. ಮತೀಯ ಗಲಭೆಗಳ ಗಾಯ ಇನ್ನೂ ಹಸಿಯಾಗಿದ್ದ ನಗರದಲ್ಲಿ, ವಿಭಜನೆಯಿಂದ ನೊಂದು ಬಂದ ಜನರು ಬೆಂಗಳೂರಿನ ಮುಸ್ಲಿಂ ಆಟಗಾರರೊಬ್ಬರನ್ನು ಪಾಂಡವರಲ್ಲಿ ಒಬ್ಬರೆಂದು ಎಣಿಸಿದ್ದು ಆ ಕಾಲದ ಕ್ರೀಡಾ ಇತಿಹಾಸದ ಗಮನಾರ್ಹ ಸಂಗತಿಗಳಲ್ಲೊಂದು.

ಐವರು ಜೊತೆಯಾದ ಮೊದಲ ವರ್ಷವೇ, ಅಂದರೆ 1949ರಲ್ಲಿ, ಈಸ್ಟ್ ಬೆಂಗಾಲ್ ತಂಡವು ಕಲ್ಕತ್ತಾ ಲೀಗ್, ಐಎಫ್‌ಎ ಶೀಲ್ಡ್ ಹಾಗೂ ರೋವರ್ಸ್ ಕಪ್ ಮೂರನ್ನೂ ಗೆದ್ದಿತು. ಐಎಫ್‌ಎ ಶೀಲ್ಡ್ 1949, 1950 ಮತ್ತು 1951ರಲ್ಲಿ ಸತತ ಮೂರು ಬಾರಿ ತಂಡದ ಪಾಲಾಯಿತು. ಲೀಗ್ ಪ್ರಶಸ್ತಿ 1950 ಹಾಗೂ 1952ರಲ್ಲಿ ಮರಳಿ ಬಂದಿತು. ದೆಹಲಿಯ ಡ್ಯುರಾಂಡ್ ಕಪ್ 1951 ಮತ್ತು 1952ರಲ್ಲಿ ದೊರೆಯಿತು. 1953ರ ನಂತರ ಐವರ ಕೂಟ ಚದುರಿದರೂ ಅಹ್ಮದ್ ಖಾನ್ ಕ್ಲಬ್ಬಿನಲ್ಲಿಯೇ ಉಳಿದರು. 1956ರಲ್ಲಿ ತಂಡವು ಮತ್ತೊಮ್ಮೆ ಡ್ಯುರಾಂಡ್ ಕಪ್ಪನ್ನೂ 1958ರಲ್ಲಿ ಐಎಫ್‌ಎ ಶೀಲ್ಡನ್ನೂ ಗೆದ್ದಾಗ ಅವರು ತಂಡದ ಹಿರಿಯ ಆಟಗಾರರಾಗಿದ್ದರು.

ಏಷ್ಯನ್ ಕ್ರೀಡಾಕೂಟ, 1951

ಮೊದಲ ಏಷ್ಯನ್ ಕ್ರೀಡಾಕೂಟವು 1951ರ ಮಾರ್ಚ್‌ನಲ್ಲಿ ನವದೆಹಲಿಯಲ್ಲಿ ನಡೆಯಿತು. ಹೈದರಾಬಾದಿನ ಸೈಯದ್ ಅಬ್ದುಲ್ ರಹೀಂ ತರಬೇತುದಾರರಾಗಿದ್ದ, ಶೈಲೇನ್ ಮನ್ನಾ ನಾಯಕತ್ವದ ಭಾರತ ತಂಡದಲ್ಲಿ ಅಹ್ಮದ್ ಖಾನ್ ಸ್ಥಾನ ಪಡೆದಿದ್ದರು. ಭಾರತವು ಇಂಡೋನೇಷ್ಯಾ ಮತ್ತು ಅಫ್ಘಾನಿಸ್ತಾನ ತಂಡಗಳನ್ನು ತಲಾ 3–0ರಿಂದ ಸೋಲಿಸಿ ಅಂತಿಮ ಪಂದ್ಯವನ್ನು ತಲುಪಿತು. ಮಾರ್ಚ್ 10ರಂದು ನಡೆದ ಆ ಪಂದ್ಯದಲ್ಲಿ ಮೇವಾಲಾಲ್ ಹೊಡೆದ ಏಕೈಕ ಗೋಲಿನಿಂದ ಇರಾನ್ ತಂಡವು ಪರಾಭವಗೊಂಡಿತು. ಮೂರು ಪಂದ್ಯಗಳಲ್ಲಿ ಭಾರತ ಒಂದು ಗೋಲನ್ನೂ ಬಿಟ್ಟುಕೊಡಲಿಲ್ಲ. ಅಂತರರಾಷ್ಟ್ರೀಯ ಫುಟ್‌ಬಾಲಿನಲ್ಲಿ ಭಾರತದ ಮೊದಲ ದೊಡ್ಡ ಗೆಲುವು ಇದಾಗಿತ್ತು.

ಹೆಲ್ಸಿಂಕಿ ಒಲಿಂಪಿಕ್ಸ್, 1952

ಏಷ್ಯಾದ ಚಾಂಪಿಯನ್ನರಾಗಿ ಫಿನ್‌ಲೆಂಡಿಗೆ ತೆರಳಿದ ಭಾರತ ತಂಡಕ್ಕೆ ಪ್ರಾಥಮಿಕ ಸುತ್ತಿನಲ್ಲಿಯೇ ಯುಗೊಸ್ಲಾವಿಯ ಎದುರಾಯಿತು. ಅದೇ ಕ್ರೀಡಾಕೂಟದಲ್ಲಿ ಮುಂದೆ ಬೆಳ್ಳಿ ಪದಕ ಗೆದ್ದ ತಂಡವದು. 1952ರ ಜುಲೈ 15ರಂದು ನಡೆದ ಪಂದ್ಯದಲ್ಲಿ ಭಾರತವು 1–10ರಿಂದ ಸೋತಿತು. ಯುಗೊಸ್ಲಾವಿಯದ ಬ್ರಾಂಕೊ ಜೆಬೆಕ್ ಒಬ್ಬರೇ ನಾಲ್ಕು ಗೋಲು ಗಳಿಸಿದರು. ಉತ್ತರದ ಚಳಿಯಲ್ಲಿ, ಪರಿಚಯವಿಲ್ಲದ ಮೈದಾನದಲ್ಲಿ ಬರಿಗಾಲಿನ ಆಟಗಾರರಿಗೆ ಚೆಂಡಿನ ಮೇಲೆ ಹಿಡಿತ ಸಿಗಲಿಲ್ಲ. ಭಾರತದ ಪರವಾಗಿ ದಾಖಲಾದ ಒಂದೇ ಗೋಲು ಅಹ್ಮದ್ ಖಾನ್ ಅವರದು. ಪಂದ್ಯದ ಕೊನೆಯ ನಿಮಿಷಗಳಲ್ಲಿ, ಫಲಿತಾಂಶ ಎಂದೋ ನಿರ್ಧಾರವಾಗಿದ್ದಾಗ ಆ ಗೋಲು ಬಂದಿತು.

ಈ ಸೋಲಿನ ಪರಿಣಾಮ ದೂರಗಾಮಿಯಾಗಿತ್ತು. ಇದರ ಬೆನ್ನಿಗೇ ಅಖಿಲ ಭಾರತ ಫುಟ್‌ಬಾಲ್ ಫೆಡರೇಷನ್ ಆಟಗಾರರು ಬೂಟು ಧರಿಸುವುದನ್ನು ಕಡ್ಡಾಯಗೊಳಿಸಿತು. ನಾಲ್ಕು ವರ್ಷಗಳ ಹಿಂದೆ ಇಲ್‌ಫರ್ಡ್‌ನಲ್ಲಿ ಹೆಮ್ಮೆಯ ವಿಷಯವಾಗಿದ್ದ ಬರಿಗಾಲು, ಹೆಲ್ಸಿಂಕಿಯ ನಂತರ ಹಿಂದುಳಿದಿರುವಿಕೆಯ ಗುರುತಾಯಿತು. ಅಹ್ಮದ್ ಖಾನ್ ಆಗ ಇಪ್ಪತ್ತೈದು ವರ್ಷದವರು. ಬಾಲ್ಯದಿಂದ ಪಾದದ ಸ್ಪರ್ಶದಿಂದಲೇ ಚೆಂಡನ್ನು ಅರಿತಿದ್ದ ಆಟಗಾರರ ಪೀಳಿಗೆಯೊಂದು ನಡುಪ್ರಾಯದಲ್ಲಿ ಆಟವನ್ನು ಹೊಸದಾಗಿ ಕಲಿಯಬೇಕಾಯಿತು. ಅನೇಕರ ವೃತ್ತಿಜೀವನ ಈ ಹೊರಳಿನಲ್ಲಿ ಮೊಟಕಾಯಿತು. ಅಹ್ಮದ್ ಖಾನ್ ಇದರ ನಂತರವೂ ಏಳು ವರ್ಷ ದೇಶದ ಅಗ್ರ ಕ್ಲಬ್ಬೊಂದರಲ್ಲಿ ಸ್ಥಾನ ಉಳಿಸಿಕೊಂಡರು.

ಆಟದ ಶೈಲಿ

ಐವರು ಮುನ್ನಡೆ ಆಟಗಾರರಿರುತ್ತಿದ್ದ ಅಂದಿನ ವ್ಯೂಹದಲ್ಲಿ ಅಹ್ಮದ್ ಖಾನ್ ಅವರದು 'ಇನ್‌ಸೈಡ್ ಲೆಫ್ಟ್' ಸ್ಥಾನ. ಹಿಂದಿನ ಸಾಲಿನಿಂದ ಚೆಂಡನ್ನು ಪಡೆದು, ಎದುರಾಳಿಗಳನ್ನು ದಾಟಿಸಿ, ಅಂಚಿನ ಆಟಗಾರನಿಗೋ ನಡುವಿನ ಆಟಗಾರನಿಗೋ ತಲುಪಿಸುವುದು ಈ ಸ್ಥಾನದ ಕೆಲಸ. ಗೋಲು ಹೊಡೆಯುವುದಕ್ಕಿಂತ ಗೋಲಿಗೆ ದಾರಿ ಮಾಡಿಕೊಡುವುದು ಇಲ್ಲಿ ಮುಖ್ಯ. ವೇಗಕ್ಕಾಗಲಿ ದೇಹಬಲಕ್ಕಾಗಲಿ ಅಲ್ಲದೆ, ಚೆಂಡನ್ನು ಪಾದಕ್ಕೆ ಅಂಟಿಸಿಕೊಂಡಂತೆ ಸಾಗುವ ಕೌಶಲಕ್ಕೆ ಅವರು ಹೆಸರಾಗಿದ್ದರು. ಮೈಯನ್ನು ಒಂದು ಕಡೆಗೆ ಬಾಗಿಸಿ ಎದುರಾಳಿಯನ್ನು ಅತ್ತ ಸೆಳೆದು, ಚೆಂಡಿನೊಂದಿಗೆ ಇನ್ನೊಂದು ಕಡೆಗೆ ಸರಿಯುವುದು ಅವರ ಆಟದ ವೈಶಿಷ್ಟ್ಯ. ಹಾವಾಡಿಗ ಎಂಬ ಹೆಸರು ಬಂದದ್ದು ಇದರಿಂದಲೇ.

ಬರಿಗಾಲಿನ ಆಟಗಾರನಿಗೆ ಚೆಂಡಿನ ಚಲನೆ ನೇರವಾಗಿ ಪಾದಕ್ಕೆ ತಿಳಿಯುತ್ತದೆ; ಒಣ ನೆಲದಲ್ಲಿ ತಿರುಗುವುದೂ ಸುಲಭ. ಆದರೆ ಕಲ್ಕತ್ತಾ ಲೀಗ್ ನಡೆಯುತ್ತಿದ್ದದ್ದು ಮಳೆಗಾಲದಲ್ಲಿ. ಕೆಸರಿನಲ್ಲಿ ಬರಿಗಾಲು ಜಾರುತ್ತದೆ, ಬೂಟಿನ ಅಡಿಯ ಮೊಳೆಗಳು ನೆಲವನ್ನು ಕಚ್ಚಿ ಹಿಡಿಯುತ್ತವೆ. ಬೂಟು ಧರಿಸಿದ ಎದುರಾಳಿಯ ತುಳಿತಕ್ಕೆ ಬರಿಗಾಲು ಸಿಕ್ಕರೆ ಗಾಯ ಖಚಿತ. ಈ ಕಾರಣಗಳಿಂದ ಬದಲಾವಣೆ ಅನಿವಾರ್ಯವಾಗಿತ್ತು. ಬೂಟು ಕಡ್ಡಾಯವಾದ ನಂತರದ 1956ರ ಮೆಲ್ಬರ್ನ್ ಒಲಿಂಪಿಕ್ಸ್‌ನಲ್ಲಿ ಭಾರತವು ನಾಲ್ಕನೆಯ ಸ್ಥಾನ ಪಡೆಯಿತು. ಹೊಸ ಪೀಳಿಗೆಯ ಆ ತಂಡದಲ್ಲಿ ಅಹ್ಮದ್ ಖಾನ್ ಇರಲಿಲ್ಲ.

ನಂತರದ ಜೀವನ ಮತ್ತು ನಿಧನ

1959ರಲ್ಲಿ ಈಸ್ಟ್ ಬೆಂಗಾಲ್ ಕ್ಲಬ್ಬಿನೊಂದಿಗಿನ ಅವರ ಹತ್ತು ವರ್ಷಗಳ ಆಟ ಮುಗಿಯಿತು. ಕೇಂದ್ರ ಸರ್ಕಾರದ ಅರ್ಜುನ ಪ್ರಶಸ್ತಿ ಆರಂಭವಾದದ್ದು ಅದಾದ ಎರಡು ವರ್ಷಗಳ ಬಳಿಕ, 1961ರಲ್ಲಿ. ಅವರ ಪೀಳಿಗೆಯ ಸಾಧನೆಗಳು ಹೀಗೆ ರಾಷ್ಟ್ರೀಯ ಕ್ರೀಡಾ ಗೌರವಗಳ ಕಾಲಕ್ಕಿಂತ ಮೊದಲೇ ಮುಗಿದಿದ್ದವು. ಅವರು ಮುಂದೆ ಬೆಂಗಳೂರಿನಲ್ಲಿ ನೆಲೆಸಿದರು. 2017ರ ಆಗಸ್ಟ್ 27ರಂದು, ತಮ್ಮ ತೊಂಬತ್ತನೆಯ ವಯಸ್ಸಿನಲ್ಲಿ, ಅದೇ ನಗರದಲ್ಲಿ ನಿಧನರಾದರು.

ಕರ್ನಾಟಕದ ಫುಟ್‌ಬಾಲ್ ಇತಿಹಾಸದಲ್ಲಿ ಅಹ್ಮದ್ ಖಾನ್ ಅವರದು ಮೊದಲ ಸಾಲಿನ ಹೆಸರು. ಕಲ್ಕತ್ತೆಯಲ್ಲಿ ಪಂಚ ಪಾಂಡವರ ನೆನಪು ಕ್ಲಬ್ಬಿನ ಪರಂಪರೆಯ ಭಾಗವಾಗಿ ಉಳಿದಿದೆ. ಹುಟ್ಟಿದ ನಾಡಿನಲ್ಲಿ, ಕ್ರಿಕೆಟ್ ಜನಪ್ರಿಯತೆಯ ನಡುವೆ, ಅವರ ಸಾಧನೆಯ ಪರಿಚಯ ಅಷ್ಟಾಗಿ ಹಬ್ಬಲಿಲ್ಲ.

ಪ್ರಮುಖ ಸಾಧನೆಗಳು

ಭಾರತ ತಂಡ
- ಒಲಿಂಪಿಕ್ ಕ್ರೀಡಾಕೂಟ: 1948 (ಲಂಡನ್), 1952 (ಹೆಲ್ಸಿಂಕಿ)
- ಏಷ್ಯನ್ ಕ್ರೀಡಾಕೂಟ, ಚಿನ್ನದ ಪದಕ: 1951 (ನವದೆಹಲಿ)

ಈಸ್ಟ್ ಬೆಂಗಾಲ್ ಕ್ಲಬ್
- ಕಲ್ಕತ್ತಾ ಲೀಗ್: 1949, 1950, 1952
- ಐಎಫ್‌ಎ ಶೀಲ್ಡ್: 1949, 1950, 1951, 1958
- ರೋವರ್ಸ್ ಕಪ್: 1949
- ಡ್ಯುರಾಂಡ್ ಕಪ್: 1951, 1952, 1956